ಎಸ್ತೇಬನ ಕಲ್ಲು, ದೊರೆಯ ಬಹುಶಃ

ತನ್ನ ಕಾಲು ಅದುಮಿ ಹಿಡಿಯುವವರನ್ನು ಎಸ್ತೇಬ್ ತಾನೇ ಆರಿಸಿಕೊಂಡಿದ್ದ. ಒಬ್ಬ ಅಚ್ಚಿನ ಮನೆಯಲ್ಲಿ ಯಂತ್ರ ಎಳೆಯುವ ಗೆಳೆಯ, ಇನ್ನೊಬ್ಬ ಬೋರ್ದೋ ಬಂದರಿನಲ್ಲಿ ದ್ರಾಕ್ಷಾರಸದ ಪೀಪಾಯಿ ಉರುಳಿಸುವ ಭಾವಮೈದುನ. ಮೂತ್ರದ ಕಲ್ಲನ್ನು ಕೊಯ್ದು ತೆಗೆಯುವಾಗ ಮೇಜಿಗೆ ಕಟ್ಟಿದರೆ ಸಾಲದು, ಗಟ್ಟಿ ಆಳುಗಳು ಬೇಕೇಬೇಕು. ಬದುಕುವವರು ಬದುಕುತ್ತಾರೆ, ಉಳಿದವರನ್ನು ಪಾದ್ರಿ ನೋಡಿಕೊಳ್ಳುತ್ತಾನೆ. ಈಸ್ಟರ್ ಸಂತೆಗೆ ಬಂದಿದ್ದ ಶಸ್ತ್ರವೈದ್ಯ ಗುರುವಾರ ಕೊಯ್ಯುತ್ತೇನೆ ಎಂದಿದ್ದ. ಬಿಟ್ಟರೆ ದ್ರಾಕ್ಷಿ ಕೊಯ್ಲಿನ ಹೊತ್ತಿಗೆ ನೀನಿರುವುದಿಲ್ಲ, ಖಂಡಿತ, ಎಂದೂ ಹೇಳಿದ್ದ.

ಖಂಡಿತ ಎನ್ನುವವರೆಂದರೆ ಎಸ್ತೇಬನಿಗೆ ಎಲ್ಲಿಲ್ಲದ ಗೌರವ. ಪೀಪಾಯಿ ಮಾಡುವವನ ಮಗ ಅವನು. ಜೀವಮಾನವೆಲ್ಲ ಅಚ್ಚಿನ ಮನೆಯಲ್ಲಿ ಇನ್ನೊಬ್ಬರ ಖಂಡಿತಗಳನ್ನೇ ಸೀಸದ ಅಕ್ಷರದ ಮೊಳೆಗಳಲ್ಲಿ ಜೋಡಿಸುತ್ತ ಬಂದವನು. ಲಾ ರೊಷೆಲ್‌ನಲ್ಲಿ ಕೂಲಿಗಿದ್ದಾಗ ಪ್ರೊಟೆಸ್ಟಂಟರ ಪುಸ್ತಕ, ಬೋರ್ದೋಗೆ ಬಂದಮೇಲೆ ಕ್ಯಾಥೊಲಿಕರದು. ಒಬ್ಬರನ್ನೊಬ್ಬರು ನರಕಕ್ಕೆ ಅಟ್ಟುವ ಆ ಪುಸ್ತಕಗಳಲ್ಲಿ ಮೊಳೆಯೂ ಅದೇ, ಖಂಡಿತವೂ ಅದೇ. ಎರಡೂ ಕಡೆಯವರು ಸರಿಯಾಗಿರುವುದು ಹೇಗೆ ಎಂದು ಪುಣ್ಯಾತ್ಮ ಒಂದು ದಿನವೂ ಕೇಳಿಕೊಂಡವನಲ್ಲ. ಕೈ ಅಷ್ಟು ಚುರುಕಾಗಿದ್ದವನಿಗೆ ಯೋಚಿಸಲು ಪುರುಸೊತ್ತಾದರೂ ಎಲ್ಲಿತ್ತು?

ಆ ವಾರ ಅವನ ಮುಂದಿದ್ದದ್ದು ಸಾಲ್ವಿನ್ಯಾಕ್ ದೊರೆಯ ಬರಹ. ನದಿಯಾಚೆಯ ಸಣ್ಣ ಜಮೀನಿನ ಒಡೆಯ ಆತ. ಬರೆದದ್ದೆಲ್ಲ ತನ್ನ ಬಗ್ಗೆಯೇ. ತನಗೆ ಎಲೆಕೋಸು ಆಗದು, ಕತ್ತಲೆಂದರೆ ಈಗಲೂ ಅಂಜಿಕೆ, ಮಗಳು ಅತ್ತರೆ ತಾನೂ ಅಳುತ್ತೇನೆ, ಇಂಥದ್ದು. ಇದನ್ನೂ ಕಾಸು ಕೊಟ್ಟು ಅಚ್ಚು ಹಾಕಿಸುತ್ತಾರಲ್ಲಪ್ಪ ಎಂದು ಅಚ್ಚಿನ ಮನೆಯೆಲ್ಲ ನಕ್ಕಿತ್ತು. ಸಾಲದ್ದಕ್ಕೆ ಎರಡು ಸಾಲಿಗೊಂದು ‘ಬಹುಶಃ’, ಇಲ್ಲವೇ ‘ನನಗೆ ಅನ್ನಿಸುವಂತೆ’. ಆ ಪದಗಳ ಅಕ್ಷರಗಳಿದ್ದ ಖಾನೆಗಳೇ ಬರಿದಾಗಿಬಿಟ್ಟವು. ಎಸ್ತೇಬ್ ಪೇಚಾಡಿದ, ಗೊಣಗಿದ, ಕೊನೆಗೆ ಅವನ್ನೆಲ್ಲ ಬಿಟ್ಟು ಜೋಡಿಸಿದ. ಪಾಪ, ಬರೆಯಲು ಬಾರದ ದೊರೆಗೆ ಉಪಕಾರವನ್ನೇ ಮಾಡುತ್ತಿದ್ದೇನೆಂದು ಅವನ ನಂಬಿಕೆ.

ಬುಧವಾರ ಬೆಳಿಗ್ಗೆ ದೊರೆಯೇ ಬಂದು ಮೊದಲ ಹಾಳೆಗಳನ್ನು ಕಿಟಕಿಯ ಬೆಳಕಿಗೆ ಹಿಡಿದು ಓದಿದ. ಆತನ ಬಾಯಲ್ಲಿ ಬಲಗಡೆ ಹಲ್ಲಿರಲಿಲ್ಲ.

“ಅಲ್ಲಪ್ಪ, ನನ್ನ ಬಹುಶಃಗಳೆಲ್ಲ ಎಲ್ಲಿಗೆ ಹೋದ್ವು?”

“ದಂಡ ಅಂತ ತೆಗೆದ್ಹಾಕಿದೆ, ಸ್ವಾಮಿ. ಹೋದ ವರ್ಷ ದೊಡ್ಡ ವೈದ್ಯರದ್ದೊಂದು ಪುಸ್ತಕ ಜೋಡಿಸ್ದೆ. ಅದರಲ್ಲಿ ಒಂದೂ ಇರ್ಲಿಲ್ಲ.”

“ಆ ವೈದ್ಯರು ಎಷ್ಟು ಜನರನ್ನ ಮಣ್ಣು ಮಾಡಿದ್ರಂತೆ?”

“ಅದೂ ಇರ್ಲಿಲ್ಲ.”

ದೊರೆ ನಕ್ಕುಬಿಟ್ಟ. ಅಚ್ಚಿನ ಮನೆಯ ಯಜಮಾನ ಬೈಯುತ್ತಾನೆಂದು ಹೆದರಿದ್ದ ಎಸ್ತೇಬನ ಜೀವಕ್ಕೆ ಸ್ವಲ್ಪ ಸಮಾಧಾನವಾಯಿತು. ದೊರೆ ಹಾಳೆಯ ಒಂದು ಕಡೆ ಬೆರಳಿಟ್ಟ. ಹಲ್ಲುನೋವಿನ ಕಥೆ ಅದು. ಹಲ್ಲು ಕೀಳುವವನು ಖಂಡಿತ ಇದೇ ಎಂದು ಒಂದನ್ನು ಕಿತ್ತ. ನೋವು ನಿಲ್ಲಲಿಲ್ಲ. ಖಂಡಿತ ಪಕ್ಕದ್ದೇ ಎಂದು ಅದನ್ನೂ ಕಿತ್ತ.

“‘ಬಹುಶಃ ಇದೇ ಹಲ್ಲು ಅಂತ ನನಗೂ ಅನ್ನಿಸಿತ್ತು’ ಅಂತ ನಾನು ಬರೆದಿದ್ದೆ. ನೀನು ‘ಇದೇ ಹಲ್ಲು’ ಅಂತ ಮಾಡಿದೀಯ. ಓದಿದವರು, ಇವನಿಗೆ ಗೊತ್ತಿತ್ತು ಅಂದ್ಕೊಳ್ಳಲ್ವಾ? ನನ್ನ ಬಾಯಿ, ನನ್ನ ಹಲ್ಲು, ಆದರೂ ನನಗೆ ಗೊತ್ತಿರ್ಲಿಲ್ಲ ಕಣಯ್ಯ. ಅವನಿಗೆ ಹೇಗೆ ಗೊತ್ತಿರುತ್ತೆ? ಆ ‘ಬಹುಶಃ’ ನಿನಗೆ ದಂಡದ ಪದ. ನನಗೆ ಅದೊಂದೇ ನಿಜ.”

ಆ ಮಧ್ಯಾಹ್ನವೆಲ್ಲ ಎಸ್ತೇಬ್ ಸಾಲು ಬಿಚ್ಚಿ ಬಿಚ್ಚಿ ಬಹುಶಃಗಳನ್ನು ವಾಪಸ್ ಕೂರಿಸಿದ. ಸೊಂಟದ ಕೆಳಗೆ ನೋವು ತಿರುಪುತ್ತಿತ್ತು. ಒಂದೊಂದನ್ನು ಕೂರಿಸುವಾಗಲೂ ನಾಳೆಯ ಮೇಜು ಕಣ್ಣಮುಂದೆ ಬಂತು. ನನ್ನ ಹೊಟ್ಟೆ, ನನ್ನ ಕಲ್ಲು, ನನಗೇ ಗೊತ್ತಿಲ್ಲವಲ್ಲ ಎಂದುಕೊಂಡ.

ಮರುದಿನ ಹೆಂಡತಿ ಮಾರ್ಸಾಲ್ ಹಳೆ ಹೊದಿಕೆ ಹರಿದು ಗಾಯಕ್ಕೆ ಕಟ್ಟುವ ಪಟ್ಟಿ ಮಾಡಿಟ್ಟುಕೊಂಡು ಶಸ್ತ್ರವೈದ್ಯನ ಬಿಡಾರಕ್ಕೆ ಜೊತೆಗೆ ಬಂದಳು. ಕಾಲು ಹಿಡಿಯುವವರಿಬ್ಬರೂ ತೋಳು ಮಡಿಸಿ ನಿಂತಿದ್ದರು. ಶಸ್ತ್ರವೈದ್ಯ ಕತ್ತಿ ಒರೆಸುತ್ತಿದ್ದ. ಎಸ್ತೇಬ್ ಅಂಗಿಯ ಗುಂಡಿ ಬಿಚ್ಚುತ್ತಿದ್ದವನು ಹಾಗೇ ನಿಂತ.

“ಸ್ವಾಮಿ, ಒಂದು ಮಾತು. ನಿಮ್ಮ ಕೈ ಯಾವತ್ತಾದ್ರೂ ತಪ್ಪಿದ್ದುಂಟಾ?”

“ಇಲ್ಲ.”

“ಒಂದ್ಸಲ ಕೂಡ?”

“ಇಲ್ಲ ಅಂದ್ನಲ್ಲ. ಹತ್ತು, ಮೇಜು ಹತ್ತು.”

ಒಂದೆರಡು ಸಲ ತಪ್ಪಿದೆ, ಏನು ಮಾಡುವುದು, ಎಂದು ವೈದ್ಯ ಹೇಳಿದ್ದರೆ ಎಸ್ತೇಬ್ ಮೇಜು ಹತ್ತಿಬಿಡುತ್ತಿದ್ದ. ಆ ‘ಇಲ್ಲ’ ಕೇಳಿದ್ದೇ ತಡ, ಗುಂಡಿ ಹಾಕಿಕೊಂಡು ಬಾಗಿಲ ಕಡೆ ನಡೆದ.

“ರೀ, ಎಲ್ಲಿಗೆ ಹೊರಟ್ರಿ?” ಮಾರ್ಸಾಲ್ ಹಿಂದೆಯೇ ಓಡಿದಳು. “ಒಳ್ಳೇ ಹೊದಿಕೆ ಹರಿದಿದೀನಿ. ಸಾಯ್ಬೇಕು ಅಂತಿದ್ರೆ ಮೊದಲೇ ಹೇಳ್ಬಾರ್ದಿತ್ತಾ?”

“ಬಹುಶಃ ಸಾಯಲ್ಲ ಕಣೆ.”

“ಬಹುಶಃ ಅಂತೆ! ಆ ಹಲ್ಲಿಲ್ಲದ ದೊರೆ ನಿಮ್ಮ ತಲೆ ಕೆಡಿಸಿದಾನೆ.” ಅಷ್ಟೆಂದು ಅವಳು ಬೀದಿಯಲ್ಲೇ ಅತ್ತುಬಿಟ್ಟಳು.

ಮುಂದಿನ ದಿನಗಳನ್ನು ಹೇಳಿ ಪ್ರಯೋಜನವಿಲ್ಲ. ನೋವಿಗೆ ಗೋಡೆ ಪರಚಿದ, ನೀರು ಕುಡಿದ, ಮೂತ್ರದಲ್ಲಿ ರಕ್ತ ಕಂಡಾಗ ತಪ್ಪು ಮಾಡಿಬಿಟ್ಟೆ ಎಂದು ದೇವರ ಮುಂದೆ ಗೋಳಾಡಿದ. ವೈದ್ಯನೇ ಸರಿಯಿರಬಹುದಲ್ಲ? ಆ ಬಹುಶಃ ಎರಡೂ ಕಡೆ ಕೊಯ್ಯುತ್ತಿತ್ತು. ಮೇಜಿನ ಮೇಲೆ ಸತ್ತಿದ್ದರೆ ಇಷ್ಟು ಹೊತ್ತಿಗೆ ಮುಗಿದಿರುತ್ತಿತ್ತು ಎಂದೂ ಅನ್ನಿಸಿತು.

ಸಂತೆ ಮುಗಿಯುವ ದಿನ ಬೆಳಿಗ್ಗೆ ಮೂತ್ರ ಹೊಯ್ಯುವ ಹಿತ್ತಾಳೆಯ ಗಿಂಡಿಯ ಮುಂದೆ ಅವನು ಒದ್ದಾಡುತ್ತ ನಿಂತಿದ್ದಾಗ, ಕರುಳೇ ಕಿತ್ತುಬಂದಂತಾಗಿ, ಟಣ್ ಎಂದು ಏನೋ ಬಿತ್ತು. ಬಟಾಣಿಗಿಂತ ಸಣ್ಣದು, ಮೈಯೆಲ್ಲ ಮುಳ್ಳು. ಎಸ್ತೇಬ್ ಅಲ್ಲೇ ನೆಲದ ಮೇಲೆ ಕುಸಿದು ಕೂತ. ನೋವಿದ್ದ ಜಾಗದಲ್ಲಿ ಈಗ ಏನೂ ಇರಲಿಲ್ಲ. ಏನೂ ಇಲ್ಲದಿರುವುದು ಇಷ್ಟು ಸುಖವೆಂದು ಅವನಿಗೆ ಗೊತ್ತೇ ಇರಲಿಲ್ಲ. ಮಾರ್ಸಾಲ್ ಬಂದು ಗಿಂಡಿ ನೋಡಿದಳು, ಗಂಡನನ್ನು ನೋಡಿದಳು, ತಾನೂ ಪಕ್ಕದಲ್ಲಿ ಕೂತಳು. ಇಬ್ಬರೂ ಹುಚ್ಚರ ಹಾಗೆ ನಕ್ಕರು. ಆಮೇಲೆ ಅವಳು ಬೆಳ್ಳುಳ್ಳಿ ಹಾಕಿ ರೊಟ್ಟಿಯ ಗಂಜಿ ಮಾಡಿದಳು. ಅವನು ಎರಡು ಬಟ್ಟಲು ಕುಡಿದ.

ಗಾಡಿಗೆ ಸಾಮಾನು ಹೇರುತ್ತಿದ್ದ ಶಸ್ತ್ರವೈದ್ಯನಿಗೆ ಎಸ್ತೇಬ್ ಕಲ್ಲನ್ನು ತೋರಿಸಿಬಂದ. ಹೀಯಾಳಿಸಲಿಕ್ಕಲ್ಲ; ಆತನಿಗೂ ಖುಷಿಯಾಗಲಿ ಎಂದು.

ವೈದ್ಯ ಕಲ್ಲನ್ನು ಬೆಳಕಿಗೆ ಹಿಡಿದು ನೋಡಿ ಮೂಗು ಮುರಿದ. “ಇದು ಮರಿ. ದೊಡ್ಡದು ಒಳಗೇ ಇದೆ, ಖಂಡಿತ. ಮುಂದಿನ ಸಂತೆಗೆ ನೀನು ಇರಲ್ಲ.”

ಎಸ್ತೇಬ್ ಕಲ್ಲನ್ನು ವಾಪಸ್ ಇಸಿದುಕೊಂಡು ಜೇಬಿಗೆ ಹಾಕಿದ. ಹಿಂದಿನ ವಾರವಾಗಿದ್ದರೆ ಆ ಮಾತಿಗೇ ಎದೆಯೊಡೆದು ಸಾಯುತ್ತಿದ್ದ ಮನುಷ್ಯ.

“ಇರಬಹುದು, ಸ್ವಾಮಿ,” ಎಂದು ಟೋಪಿ ತೆಗೆದು ನಮಸ್ಕರಿಸಿ, ಅಚ್ಚಿನ ಮನೆಗೆ ಕೆಲಸಕ್ಕೆ ಹೋದ.