ಒಂದು ಗುಂಡಿ ಮೇಲೆ

ಕೋಟು ಕೆಟ್ಟಿದೆ ಎಂದು ಕೂಗಾಡುತ್ತ ಬರುವ ಗಿರಾಕಿಗೆ ನಮ್ಮ ಬೀದಿಯ ದರ್ಜಿ ಅಕ್ಕ ಹೇಳುವುದು ಒಂದೇ ಮಾತು: "ಮೊದಲು ಗುಂಡಿ ನೋಡ್ಕೊಳ್ಳಿ." ಹತ್ತರಲ್ಲಿ ಆರು ಜನ ಅಲ್ಲಿಗೇ ತೆಪ್ಪಗಾಗುತ್ತಾರೆ. ಮೊದಲ ಗುಂಡಿಯನ್ನು ಎರಡನೆಯ ಕಾಜಾಕ್ಕೆ ಸಿಕ್ಕಿಸಿ, ಅಲ್ಲಿಂದ ಕೆಳಗೆ ಒಂದನ್ನೂ ಬಿಡದೆ ಅಷ್ಟೇ ಶ್ರದ್ಧೆಯಿಂದ ತಪ್ಪು ಹಾಕಿಕೊಂಡು, ಮೇಲೊಂದು ಖಾಲಿ ಕಾಜಾ, ಕೆಳಗೊಂದು ದಿಕ್ಕಿಲ್ಲದ ಗುಂಡಿ ಇಟ್ಟುಕೊಂಡು, ಹೊಲಿದವಳ ಏಳು ತಲೆಮಾರನ್ನು ಬೈಯುತ್ತ ಬಂದವರು ಅವರು. ಅವರಲ್ಲಿ ಓದಿದವರೇ ಹೆಚ್ಚು ಎನ್ನುವುದು ಅವಳ ಲೆಕ್ಕ. ನಾನೂ ಒಮ್ಮೆ ಆ ಲೆಕ್ಕಕ್ಕೆ ಸೇರಿದ್ದರಿಂದ ವಾದಿಸುವುದಿಲ್ಲ.

ಅಂಗಡಿ ಎಂದರೆ ಔಷಧದ ಅಂಗಡಿಗೂ ಬೀಗ ರಿಪೇರಿಯವನಿಗೂ ನಡುವೆ ಸಿಕ್ಕಿಕೊಂಡ ಒಂದು ಸಂದು. ಒಂದು ಹೊಲಿಗೆ ಯಂತ್ರ, ಒಂದು ಕತ್ತರಿಸುವ ಮೇಜು, ನಿಂತವರನ್ನು ಸ್ವಲ್ಪ ತೆಳ್ಳಗೆ ತೋರಿಸುವ ಒಂದು ಕನ್ನಡಿ. ಕನ್ನಡಿಯನ್ನು ಬೇಕೆಂದೇ ಹುಡುಕಿ ತಂದದ್ದು ಎಂದು ಅವಳೇ ಒಪ್ಪಿಕೊಳ್ಳುತ್ತಾಳೆ. ಮೇಜಿನ ಕೆಳಗೆ, ಚಿಂದಿ ಬಟ್ಟೆಯ ಚೀಲದ ಮೇಲೆ ಅವಳ ಮಗಳು ಕೂರುತ್ತಾಳೆ. ಎಂಟು ವರ್ಷ, ಮೂರನೆಯ ತರಗತಿ. ಮನೆಯಲ್ಲಿ ಪುಟ್ಟಿ. ಬೀದಿಯ ಮಕ್ಕಳು ಅವಳಿಗೆ ಇಟ್ಟ ಹೆಸರು 'ನಾಳೆ'. ಇವತ್ತು ಕೇಳಿದ್ದಕ್ಕೆ ನಾಳೆ ಉತ್ತರ ಕೊಡುತ್ತಾಳಂತೆ. ಮಕ್ಕಳು ಉತ್ಪ್ರೇಕ್ಷೆ ಮಾಡುತ್ತಾರೆ, ಅಷ್ಟೇನೂ ತಡವಿಲ್ಲ. ಕಿವಿಗೆ ಬಿದ್ದ ಮಾತು ಒಳಗೆ ಎಲ್ಲೋ ನಡೆದುಕೊಂಡು ಹೋಗಿ, ಉತ್ತರ ಹುಡುಕಿ, ಮತ್ತೆ ನಡೆದುಕೊಂಡೇ ವಾಪಸು ಬರುತ್ತದೆ. ದೊಡ್ಡ ಆಸ್ಪತ್ರೆಯ ವೈದ್ಯರು ಇದಕ್ಕೊಂದು ಹೆಸರು ಬರೆದುಕೊಟ್ಟಿದ್ದರು. ಹೆಸರು ಒಂದೂವರೆ ಸಾಲು ಇತ್ತು. ಉಪಾಯ ಅರ್ಧ ಸಾಲೂ ಇರಲಿಲ್ಲ.

ಇದಕ್ಕೆ ಕಾರಣ ಯಾರು ಎನ್ನುವುದನ್ನು ಮಾತ್ರ ಮನೆಯಲ್ಲಿ ಮೊದಲೇ ಇತ್ಯರ್ಥ ಮಾಡಿಕೊಂಡಿದ್ದರು. "ನಮ್ಮ ಕಡೆ ಯಾರೂ ಹೀಗಿಲ್ಲಮ್ಮ" ಎಂದು ಅತ್ತೆ ದಿನಕ್ಕೆರಡು ಬಾರಿ, ಊಟಕ್ಕೆ ಮುಂಚೆ ಮತ್ತು ಊಟದ ನಂತರ, ಮಾತ್ರೆ ನುಂಗುವ ಹಾಗೆ ಹೇಳುತ್ತಿದ್ದರು. ಗಂಡ ಬಸ್ಸು ಓಡಿಸುತ್ತಾನೆ. ಒಳ್ಳೆಯವನು. ಕೆಲಸ ಮುಗಿಸಿ ಬಂದರೆ ಪತ್ರಿಕೆಯ ಹಿಂದೆ ಕೂರುತ್ತಾನೆ. ಅವನ ಅಭಿಪ್ರಾಯ ಏನೆಂದು ತಿಳಿಯಲು ಹೆಂಡತಿ ಹತ್ತು ವರ್ಷದಿಂದ ಪ್ರಯತ್ನಿಸುತ್ತಿದ್ದಾಳೆ.

ಇನ್ನು ತಾಯಿ. ತಾಯಂದಿರ ತ್ಯಾಗದ ಬಗ್ಗೆ ಕಣ್ಣೀರು ಬರಿಸುವ ಲೇಖನಗಳು ಬೇಕಾದಷ್ಟಿವೆ, ಅವು ಬೇಕಾದವರು ಅಲ್ಲಿ ಓದಿಕೊಳ್ಳಲಿ. ಇವಳಿಗೆ ತಾಳ್ಮೆ ಎನ್ನುವುದು ಸೂಜಿಯ ಮೊನೆಯಷ್ಟೂ ಇರಲಿಲ್ಲ. ಅಂಗಡಿಗೆ ಬಂದವರು "ಏನಮ್ಮ ನಿನ್ನ ಹೆಸರು?" ಎಂದು ಮಗುವನ್ನು ಕೇಳಿದರೆ, ಮಗು ಬಾಯಿ ತೆರೆಯುವಷ್ಟರಲ್ಲಿ ಇವಳು ಹೆಸರು, ತರಗತಿ, ಹುಟ್ಟಿದ ದಿನ ಎಲ್ಲವನ್ನೂ ಹೇಳಿ ಅಳತೆ ಪಟ್ಟಿ ಬಿಚ್ಚಿರುತ್ತಿದ್ದಳು. ಉತ್ತರ ಬರುವ ದಾರಿಗೆ ಮೊದಲು ಅಡ್ಡ ನಿಂತವಳು ಶಾಲೆಯ ಟೀಚರಲ್ಲ, ಹೆತ್ತವಳೇ.

ಆ ವರ್ಷ ಶಾಲೆಯವರಿಗೆ ಪರೀಕ್ಷೆಯ ಫಲಿತಾಂಶ ಶೇಕಡಾ ನೂರು ತೋರಿಸುವ ಆಸೆ ಹುಟ್ಟಿತು. ಆಸೆಗೆ ಎರಡು ದಾರಿಗಳಿದ್ದವು: ಎಲ್ಲ ಮಕ್ಕಳಿಗೂ ಕಲಿಸುವುದು, ಇಲ್ಲವೇ ಕಲಿಯದ ಮಕ್ಕಳನ್ನು ಪಟ್ಟಿಯಿಂದ ತೆಗೆಯುವುದು. ಎರಡನೆಯದಕ್ಕೆ ಒಬ್ಬ ತಜ್ಞರು ಸಾಕು. ತಜ್ಞರು ಒಂದು ಗಡಿಯಾರ, ಒಂದು ಅಚ್ಚು ಹಾಕಿದ ಹಾಳೆಯ ಕಟ್ಟು ಹಿಡಿದುಕೊಂಡು ಬಂದರು. ಒಂದು ಮಗುವಿಗೆ ಹದಿನೈದು ಪ್ರಶ್ನೆ, ಒಂದು ಪ್ರಶ್ನೆಗೆ ಹತ್ತು ಸೆಕೆಂಡು.

ಪರೀಕ್ಷೆ ನಡೆದ ಕೋಣೆಯ ಹೊರಗೆ ಬೆಂಚಿನ ಮೇಲೆ ತಾಯಿ ಕಾಯುತ್ತಿದ್ದಳು. ನಾಲ್ಕು ನಿಮಿಷದೊಳಗೆ ಪುಟ್ಟಿ ಹೊರಗೆ ಬಂದಳು. ಮೆಟ್ಟಿಲು ಇಳಿಯುವಾಗ, ಯಾರೂ ಏನೂ ಕೇಳದೆ, "ಕತ್ತರಿ" ಎಂದಳು.

"ಕತ್ತರಿ ಏನೇ? ಅಂಗಡೀಲಿದೆ. ನಡಿ."

ಮೂರು ದಿನದ ಮೇಲೆ ಮುಖ್ಯೋಪಾಧ್ಯಾಯಿನಿ ಕರೆಸಿದರು. ಅವರೂ ದರ್ಜಿ ಅಕ್ಕನ ಗಿರಾಕಿಯೇ. ಅವರ ಎಲ್ಲ ಕೋಟುಗಳ ಭುಜಕ್ಕೆ ಹತ್ತಿ ತುಂಬಿ ಅವರಿಗೊಂದು ಗಾಂಭೀರ್ಯ ಕೊಟ್ಟವಳು ಇವಳು. ತಜ್ಞರು ಪಕ್ಕದಲ್ಲಿ ಕೂತಿದ್ದರು.

"ನೋಡಮ್ಮ, ಹದಿನೈದಕ್ಕೆ ಸೊನ್ನೆ" ಎಂದರು ಮುಖ್ಯೋಪಾಧ್ಯಾಯಿನಿ. "ನಾವೇನು ಸುಮ್ನೆ ಹೇಳ್ತಿಲ್ಲ. ಸಾರ್, ಓದಿ."

ತಜ್ಞರು ಓದಿದರು. "ಹಾಲಿನ ಬಣ್ಣ ಯಾವುದು ಅಂದ್ರೆ, ನಾಲ್ಕು ಅಂತಾಳೆ. ಮಳೆ ಬಂದ್ರೆ ಏನು ಹಿಡ್ಕೋತೀಯ ಅಂದ್ರೆ, ಬಿಳಿ ಅಂತೆ. ವಾರಕ್ಕೆ ಎಷ್ಟು ದಿನ ಅಂದ್ರೆ, ಬಸ್ಸು ಓಡಿಸ್ತಾರೆ!" ಅವರಿಗೆ ನಗು ಬಂತು. ನಗುವುದು ತಮ್ಮ ವೃತ್ತಿಗೆ ಹೊಂದುವುದಿಲ್ಲವೆಂದು ನೆನಪಾಗಿ ಕೆಮ್ಮಿದರು.

ಮೇಜಿನ ಮೇಲೆ ಇನ್ನೊಂದು ಕಾಗದವಿತ್ತು. 'ನನ್ನ ಮಗಳನ್ನು ಈ ಶಾಲೆಯಿಂದ ಸ್ವಂತ ಇಚ್ಛೆಯಿಂದ ಬಿಡಿಸಿಕೊಳ್ಳುತ್ತಿದ್ದೇನೆ' ಎಂದು ಶಾಲೆಯ ಗುಮಾಸ್ತರೇ ತಾಯಿಯ ಸ್ವಂತ ಇಚ್ಛೆಯನ್ನು ನೀಟಾಗಿ ಟೈಪು ಮಾಡಿಟ್ಟಿದ್ದರು. ಸಹಿ ಒಂದು ಬಾಕಿ.

"ಬಿಡಿಸಿ ಎಲ್ಲಿಗೆ ಕಳಿಸಲಿ ಮೇಡಂ?"

"ಇಂಥ ಮಕ್ಕಳಿಗೇ ಅಂತ ಊರಾಚೆ ಒಂದು ಶಾಲೆ ಇದೆಯಲ್ಲ, ತುಂಬಾ ಚೆನ್ನಾಗಿದೆ."

ತುಂಬಾ ಚೆನ್ನಾಗಿರುವ ಆ ಶಾಲೆಯಲ್ಲಿ ಮೂರು ವರ್ಷ ಜಾಗವಿಲ್ಲ ಎಂದು ಆಸ್ಪತ್ರೆಯವರೇ ಅವಳಿಗೆ ಹೇಳಿದ್ದರು. ಸಹಿ ಹಾಕಿದರೆ ಪುಟ್ಟಿಗೆ ಉಳಿಯುವುದು ಚಿಂದಿ ಬಟ್ಟೆಯ ಚೀಲ ಮಾತ್ರ. ಮನೆಯವರನ್ನು ಕೇಳಿ ಸೋಮವಾರ ಬರುತ್ತೇನೆಂದು ಹೇಳಿ ಪ್ರಶ್ನೆಗಳ ಹಾಳೆ, ಸಹಿಯ ಕಾಗದ ಎರಡನ್ನೂ ತೆಗೆದುಕೊಂಡು ಎದ್ದಳು.

ಮನೆಯವರನ್ನು ಕೇಳಿದಳು ಕೂಡ. ಅತ್ತೆ, "ಹಾಕು ಸಹಿ. ಮನೇಲಿದ್ರೆ ನನ್ನ ಕಾಲಾದ್ರೂ ಒತ್ತುತ್ತೆ" ಎಂದರು. "ಹೇಳ್ರೀ, ಸಹಿ ಹಾಕ್ಲಾ ಬೇಡ್ವಾ?" ಎಂದು ಗಂಡನನ್ನು ಕೇಳಿದರೆ, ಅವನು ಪತ್ರಿಕೆಯ ಪುಟ ತಿರುಗಿಸಿದ. ಮರುದಿನ ಬೆಳಿಗ್ಗೆ ಬಸ್ಸಿಗೆ ಹೋದ.

ಆಗ ನನ್ನ ಬಳಿ ಬಂದಳು, ಓದಿದವರಲ್ಲವೇ ಎಂದು. ನಾನು ಶಿಕ್ಷಣದ ಹಕ್ಕು, ಮನಶ್ಶಾಸ್ತ್ರ, ಸಮಾಜದ ಹೊಣೆ ಎಲ್ಲವನ್ನೂ ತುಂಬಿ ಮೂರು ಪುಟದ ಪತ್ರ ಬರೆದುಕೊಟ್ಟೆ. ಅವಳು ಪೂರ್ತಿ ಓದಿಸಿಕೊಂಡು, "ಬಟ್ಟೆ ಬಹಳ ಚೆನ್ನಾಗಿದೆ. ಆದ್ರೆ ಇದನ್ನ ಯಾರಿಗೆ ಹೊಲಿದ್ರಿ?" ಎಂದಳು. ಆ ಪತ್ರ ಆಮೇಲೆ ಒಂದು ಕಾಲರಿನ ಅಳತೆ ಕತ್ತರಿಸಲು ಉಪಯೋಗಕ್ಕೆ ಬಂತು.

ಕೊನೆಗೆ ಶನಿವಾರ ಮಧ್ಯಾಹ್ನ ಅಂಗಡಿಯಲ್ಲಿ ಪ್ರಶ್ನೆಗಳ ಹಾಳೆಯನ್ನು ಮೇಜಿನ ಮೇಲೆ ಹರಡಿ, ಮೂಲೆಗಳಿಗೆ ತೂಕ ಇಟ್ಟು, ಬಟ್ಟೆ ನೋಡುವ ಹಾಗೆ ನೋಡಿದಳು. ಎಡಗಡೆ ಪ್ರಶ್ನೆಗಳ ಸಾಲು, ಬಲಗಡೆ ಉತ್ತರಗಳ ಸಾಲು. ಮೊದಲನೆಯದು, 'ಹಸುವಿಗೆ ಎಷ್ಟು ಕಾಲು?' ಅದರ ಮುಂದೆ ಖಾಲಿ. ಅದರ ಕೆಳಗೆ ಹಾಲಿನ ಬಣ್ಣ. ಅದರ ಮುಂದೆ 'ನಾಲ್ಕು'. ಅದರ ಕೆಳಗೆ ಮಳೆ. ಅದರ ಮುಂದೆ 'ಬಿಳಿ'. ಅದರ ಕೆಳಗೆ ಸೂರ್ಯ, ಮುಂದೆ 'ಕೊಡೆ'.

ಮೇಲೊಂದು ಖಾಲಿ ಕಾಜಾ. ಹತ್ತು ಕೋಟಿನಲ್ಲಿ ಆರರಲ್ಲಿ ಅವಳು ಕಾಣುವ ತಪ್ಪು.

ಹಾಗಿದ್ದರೆ ಕೆಳಗೊಂದು ಗುಂಡಿ ಉಳಿದಿರಬೇಕು. ಬೆರಳು ಹಾಳೆಯ ತಳಕ್ಕೆ ಓಡಿತು. ಹದಿನೈದನೆಯ ಪ್ರಶ್ನೆ: 'ಬಟ್ಟೆ ಕತ್ತರಿಸಲು ಏನು ಬೇಕು?' ಆ ಉತ್ತರ ಹಾಳೆಯಲ್ಲಿ ಇರಲಿಲ್ಲ. ಅದನ್ನು ಮಗು ಶಾಲೆಯ ಮೆಟ್ಟಿಲ ಮೇಲೆ ಅವಳ ಕೈಗೇ ಕೊಟ್ಟಿತ್ತು. ಅವಳು ಗದರಿಸಿ ಅಲ್ಲೇ ಬಿಟ್ಟು ಬಂದಿದ್ದಳು.

ಸೋಮವಾರ ಅವಳು ಪುಟ್ಟಿಯನ್ನೂ ಕರೆದುಕೊಂಡು ಹೋದಳು. ಹಾಳೆಯ ಮೇಲೆ ನೀಲಿ ಸೀಮೆಸುಣ್ಣದಲ್ಲಿ ಪ್ರತಿ ಉತ್ತರದಿಂದ ಮೇಲಿನ ಪ್ರಶ್ನೆಗೆ ಒಂದೊಂದು ಗೆರೆ ಎಳೆದಿತ್ತು.

"ಗುಂಡಿ ತಪ್ಪು ಹಾಕಿದ್ದೀರಿ ಸಾರ್. ಒಂದೊಂದು ಮೇಲಕ್ಕೆ ಸರಿಸಿ."

ತಜ್ಞರು ಸರಿಸಿದರು. ಮುಖದ ಬಣ್ಣವೂ ಸರಿಯಿತು. ಮೆಟ್ಟಿಲ ಮೇಲಿನ 'ಕತ್ತರಿ'ಯನ್ನೂ ಸೇರಿಸಿದರೆ ಹದಿನೈದರಲ್ಲಿ ಹದಿನಾಲ್ಕು ಸರಿ. ಸೂರ್ಯ ಎಲ್ಲಿ ಹುಟ್ಟುತ್ತಾನೆ ಎನ್ನುವುದಕ್ಕೆ ಮಾತ್ರ 'ಕಿಟಕಿ' ಎಂದಿತ್ತು. ಮುಳುಗುವವನಿಗೆ ಹುಲ್ಲುಕಡ್ಡಿಯೂ ಆಸರೆ. ಅವರು ಅದನ್ನೇ ಹಿಡಿದುಕೊಂಡರು.

"ಇದು ತಪ್ಪಲ್ವಾ? ಪೂರ್ವ ಅನ್ನಬೇಕಿತ್ತು."

"ನಮ್ಮನೇಲಿ ಕಿಟಕೀಲೇ ಹುಟ್ಟೋದು ಸಾರ್. ಬೇಕಾದ್ರೆ ಬಂದು ನೋಡಿ. ಅದೊಂದು ತಪ್ಪು ಅಂತಲೇ ಇಟ್ಕೊಳ್ಳಿ."

"ಅದಿರಲಿ, ಹತ್ತು ಸೆಕೆಂಡು ಆದ್ಮೇಲೆ ಬಂದಿದ್ದು ಉತ್ತರವೇ ಅಲ್ಲ. ಅದು ನಿಯಮ."

"ಹತ್ತು ಸೆಕೆಂಡು ಯಾರ ಅಳತೆ?"

"ಎಲ್ಲರದ್ದೂ."

"ಎಲ್ಲರ ಅಳತೇಗೂ ಒಂದೇ ಕೋಟು ಹೊಲಿದಿದ್ರೆ ನಾನು ಅಂಗಡಿ ಮುಚ್ಚಿ ಎಷ್ಟು ವರ್ಷ ಆಗ್ತಿತ್ತು!"

ಮುಖ್ಯೋಪಾಧ್ಯಾಯಿನಿ ನಡುವೆ ಬಂದರು. ಅವರಿಗೆ ವಾದಕ್ಕಿಂತ ಸಹಿ ಮುಖ್ಯ. "ಇದೆಲ್ಲ ಕಾಕತಾಳೀಯ ಇರ್ಬೋದಮ್ಮ. ನಾನೇ ಈಗ ಕೇಳಿ ತೋರಿಸ್ತೀನಿ" ಎಂದು ಮಗುವಿನ ಕಡೆ ಬಾಗಿ, ತಮ್ಮ ಹತ್ತಿ ತುಂಬಿದ ಭುಜವನ್ನು ಅಕ್ಕರೆಯಿಂದ ಅಲುಗಾಡಿಸಿದರು. "ಪುಟ್ಟೀ, ನಿಮ್ಮ ಟೀಚರ್ ಮಧ್ಯಾಹ್ನ ಕ್ಲಾಸಲ್ಲಿ ಏನು ಮಾಡ್ತಾರೆ?"

ಪುಟ್ಟಿ ಅವರ ಕೊರಳಪಟ್ಟಿ ನೋಡುತ್ತ ನಿಂತಳು. ತಾಯಿಯ ನಾಲಿಗೆ ತುದಿಗೆ ಉತ್ತರ ಬಂದಿತ್ತು, ಅಭ್ಯಾಸಬಲ. ಈ ಬಾರಿ ಅವಳು ಎರಡು ತುಟಿಯ ನಡುವೆ ಗುಂಡುಸೂಜಿ ಕಚ್ಚಿಕೊಂಡವಳ ಹಾಗೆ ಬಾಯಿ ಬಿಗಿಹಿಡಿದಳು. ಮುಖ್ಯೋಪಾಧ್ಯಾಯಿನಿಗೆ ಹಾಗೆ ಕಾಯುವ ಅಭ್ಯಾಸವಿರಲಿಲ್ಲ.

"ಹೋಗ್ಲಿ, ಸುಲಭದ್ದು ಕೇಳ್ತೀನಿ. ನಿಮ್ಮ ಕ್ಲಾಸಿಗೆ ಎಷ್ಟು ಕಿಟಕಿ?"

"ನಿದ್ದೆ ಮಾಡ್ತಾರೆ" ಎಂದಳು ಪುಟ್ಟಿ.

"ನೋಡಿದ್ರಾ!" ಮುಖ್ಯೋಪಾಧ್ಯಾಯಿನಿ ಗೆದ್ದವರಂತೆ ನೆಟ್ಟಗೆ ಕೂತರು. "ಕಿಟಕಿ ಎಷ್ಟು ಅಂದ್ರೆ ನಿದ್ದೆ ಮಾಡ್ತಾರೆ ಅಂತೆ. ಇದಕ್ಕೇನಮ್ಮ ಹೇಳ್ತೀಯ?"

"ಒಂದು ಗುಂಡಿ ಮೇಲೆ ಹಾಕಿ ಮೇಡಂ."

ಮೇಡಂ ಹಾಕಿದರು. ಬಾಗಿಲ ಬಳಿ ನಿಂತಿದ್ದ ಜವಾನ ಗೋಡೆಯ ಕಡೆ ತಿರುಗಿದ. ಅವನ ಬೆನ್ನು ಕುಲುಕುತ್ತಿತ್ತು. ತಜ್ಞರು ತಮ್ಮ ಗಡಿಯಾರವನ್ನು ಬಹಳ ಆಸಕ್ತಿಯಿಂದ ಪರೀಕ್ಷಿಸತೊಡಗಿದರು. ಅಷ್ಟರಲ್ಲಿ ಪುಟ್ಟಿ, "ಮೂರು" ಎಂದಳು. ಯಾರೂ ಅವಸರ ಮಾಡಲಿಲ್ಲ, ಮಾಡುವ ಧೈರ್ಯ ಯಾರಿಗೂ ಇರಲಿಲ್ಲ. ಆದ್ದರಿಂದ ಅವಳಿಗೆ ಇನ್ನೂ ಸ್ವಲ್ಪ ಹೇಳಲು ಸಮಯ ಸಿಕ್ಕಿತು. "ಒಂದು ಒಡೆದಿದೆ. ಟೀಚರ್ ಅಲ್ಲಿ ದಿಂಬು ಇಟ್ಟಿದ್ದಾರೆ."

ತಾಯಿ ಸಹಿಯಿಲ್ಲದೆ ವಾಪಸು ತಂದಿದ್ದ ಸ್ವಂತ ಇಚ್ಛೆಯ ಕಾಗದವನ್ನು ಮುಖ್ಯೋಪಾಧ್ಯಾಯಿನಿ ತಾವೇ ನಾಲ್ಕಾಗಿ ಮಡಚಿ ಮೇಜಿನ ಖಾನೆಗೆ ಹಾಕಿದರು. ಪುಟ್ಟಿ ಶಾಲೆಯಲ್ಲೇ ಉಳಿದಳು. ಪರೀಕ್ಷೆಯಲ್ಲಿ ಅವಳಿಗೆ ಸಮಯ ದುಪ್ಪಟ್ಟು ಎಂದು ಬರೆದುಕೊಟ್ಟರು. ಬರೆದುಕೊಡುವವರೆಗೆ ತಾಯಿ ಕುರ್ಚಿ ಬಿಟ್ಟು ಏಳಲಿಲ್ಲ. ವರ್ಷದ ವರದಿಯಲ್ಲಿ 'ಪ್ರತಿ ಮಗುವಿಗಾಗಿ ಕಾಯುವ ಶಾಲೆ' ಎಂದು ಅಚ್ಚಾಯಿತು. ಮೂರನೆಯ ತರಗತಿಯ ಟೀಚರು ಈಗ ಮಧ್ಯಾಹ್ನ ಎಚ್ಚರವಾಗಿರುತ್ತಾರೆ. ಯಾವಾಗ ಯಾರು ಏನು ಕೇಳುತ್ತಾರೋ, ಆ ಹುಡುಗಿ ಎಷ್ಟು ಹೊತ್ತಿಗೆ ಏನು ಹೇಳುತ್ತಾಳೋ ಎಂಬ ಭಯ. ಇದರಿಂದ ತರಗತಿಯ ಉಳಿದ ಮೂವತ್ತೆಂಟು ಮಕ್ಕಳು ಮಗ್ಗಿ ಕಲಿತರು. ಅವರ ತಾಯಂದಿರಲ್ಲಿ ಒಬ್ಬರೂ ಬಂದು ಪುಟ್ಟಿಗೆ ಕೃತಜ್ಞತೆ ಹೇಳಿಲ್ಲ. ಹಲವರು ಇಂಥ ಮಕ್ಕಳನ್ನು ಬೇರೆ ಕೂರಿಸಬೇಕೆಂದು ಈಗಲೂ ಹೇಳುತ್ತಾರೆ.

ದರ್ಜಿ ಅಕ್ಕ ತಾಳ್ಮೆಯ ಮೂರ್ತಿಯಾದಳು ಎಂದು ನಾನು ಬರೆದರೆ ಅವಳೇ ನಗುತ್ತಾಳೆ. ಗಿರಾಕಿಗಳ ಮೇಲೆ ಮೊದಲಿನಷ್ಟೇ ಹರಿಹಾಯುತ್ತಾಳೆ. ಮಗುವನ್ನು ಏನಾದರೂ ಕೇಳಿದಾಗ ಮಾತ್ರ ಯಂತ್ರ ನಿಲ್ಲಿಸಿ, ಬಾಯಲ್ಲಿ ನಿಜವಾಗಿಯೇ ಗುಂಡುಸೂಜಿ ಕಚ್ಚಿಕೊಂಡು ಕೂರುತ್ತಾಳೆ.

ಸೋಮವಾರದ ಆ ವಿಜಯವಾಗಿ ಮೂರು ದಿನ ಕಳೆದಿತ್ತು. ಸಂಜೆ ಆರರ ಹೊತ್ತು, ಅತ್ತೆ ಸೊಪ್ಪು ಬಿಡಿಸುತ್ತಿದ್ದರು. ಪುಟ್ಟಿ ಗುಂಡಿಗಳನ್ನು ಬಣ್ಣದ ಪ್ರಕಾರ ಡಬ್ಬಿಗೆ ಹಾಕುತ್ತಿದ್ದಳು. ಗಂಡ ಪತ್ರಿಕೆಯನ್ನು ಮೆಲ್ಲಗೆ ಕೆಳಗಿಳಿಸಿ, ಗಂಟಲು ಸರಿಪಡಿಸಿಕೊಂಡು, ಹೆಂಡತಿಯ ಕಡೆ ನೋಡಿದ.

"ಬೇಡ" ಎಂದ. "ಸಹಿ ಹಾಕ್ಬೇಡ."

ದರ್ಜಿ ಅಕ್ಕ ಗಂಡನನ್ನು ನೋಡಿದಳು, ಮಗಳನ್ನು ನೋಡಿದಳು, ಆಮೇಲೆ ನಿಧಾನವಾಗಿ ಅತ್ತೆಯ ಕಡೆ ತಿರುಗಿದಳು.

"ಅತ್ತೇ, ನಿಮ್ಮ ಕಡೆ ಯಾರೂ ಹೀಗಿಲ್ಲ ಅಂದಿದ್ರಲ್ಲ?"

ಅತ್ತೆ ಸೊಪ್ಪಿನ ಮೇಲೆ ಬಾಗಿದರು. ಉತ್ತರ ಇನ್ನೂ ಬಂದಿಲ್ಲ. ಸೊಸೆ ಕಾಯುತ್ತಿದ್ದಾಳೆ.