ಹಳದಿ ಕೊಡೆಯ ಹಿಂದೆ

ನಡೆದುಕೊಂಡು ಊರು ನೋಡುವ ಪ್ರತಿ ಗುಂಪಿನಲ್ಲೂ ಗೈಡಿನ ಬೆನ್ನಿಗೆ ಅಂಟಿಕೊಳ್ಳುವ ಒಬ್ಬರು ಇರುತ್ತಾರೆ. ಸಿಂಗಪುರದ ನಮ್ಮ ಶನಿವಾರದ ಗುಂಪಿನಲ್ಲಿ ಅವರು ಹಯಗ್ರೀವಾಚಾರ್. ಮಗಳು ಅವರನ್ನು ಮೆಟ್ರೋ ನಿಲ್ದಾಣದಲ್ಲಿ ನಮಗೊಪ್ಪಿಸಿ ಆಫೀಸಿಗೆ ಹೋಗುತ್ತಾಳೆ. ಆಮೇಲೆ ಗೈಡ್ ಪ್ರಣತಿ ಎತ್ತಿ ಹಿಡಿಯುವ ಹಳದಿ ಕೊಡೆಯ ಹಿಂದಿನ ಜಾಗ ಅವರ ಸ್ವಂತ ಆಸ್ತಿ. "ಅಂಕಲ್, ನನ್ ಚಪ್ಪಲಿ ತುಳೀತಿದ್ದೀರಾ," ಎಂದು ಅವಳು ನಕ್ಕರೆ, "ಫ್ರಂಟ್ ಬೆಂಚ್ ಸ್ಟೂಡೆಂಟ್ ಕಣಮ್ಮ ನಾನು," ಎನ್ನುತ್ತಾರೆ. ಹಳೆಯ ಸೇತುವೆ ತೋರಿಸಿದರೆ "ಭವ್ಯ!", ಮ್ಯೂಸಿಯಂ ತೋರಿಸಿದರೂ "ಭವ್ಯ!", ಒಮ್ಮೆ ಮುಚ್ಚಿದ ಅಂಗಡಿಯ ಶಟರಿಗೂ ಅದೇ ಗೌರವ ಸಂದಿತು. ಫೋಟೋ ತೆಗೆಯುವುದಿಲ್ಲ. ನೆರಳಿಗೆ ಬಂದು ಪ್ರಣತಿ ಕೊಡೆ ಮಡಚಿದರೆ ಮಾತ್ರ ಅವರ ಧ್ವನಿ ಅದುರುತ್ತದೆ: "ಪ್ರಣತಿ, ಇದ್ದೀಯೇನಮ್ಮ?" ಅವಳು ಎದುರಿಗೇ ಇರುತ್ತಾಳೆ. ಇದು ವಯಸ್ಸಾದವರ ಪುಕ್ಕಲುತನ ಎಂದು ನಾನು ತೀರ್ಮಾನಿಸಿದ್ದೆ. ಮೊನ್ನೆ ಚೈನಾಟೌನಿನಲ್ಲಿ ಪಾದಚಾರಿಗಳ ದೀಪ ಕೆಂಪಿದ್ದಾಗಲೇ ಯಾರೋ ಹೆಂಗಸು ಹಳದಿ ಕೊಡೆ ಹಿಡಿದು ರಸ್ತೆ ದಾಟಿದಳು. ಪ್ರಣತಿಯೂ ಸೇರಿ ನಾವೆಲ್ಲ ಈಚೆಯೇ ನಿಂತಿದ್ದೆವು. ಆಚಾರ್ಯರು ಅವಳ ಹಿಂದೆ ಹೊರಟರು. ಕಾಲರ್ ಹಿಡಿದು ಎಳೆದೆ. ಬಸ್ಸಿನ ಬಿಸಿ ಗಾಳಿ ಇಬ್ಬರ ಮುಖಕ್ಕೂ ಬಡಿಯಿತು. "ಮೇಡಂ, ಮಗಳಿಗೆ ಹೇಳ್ಬೇಡಿ," ಎಂದರು. "ಹಳದಿ ಬಣ್ಣ ಒಂದೇ ಮಸುಕಾಗಿ ಕಾಣೋದು, ಬೇರೇನೂ ಕಾಣಲ್ಲ. ಗೊತ್ತಾದ್ರೆ ಮನೆಯಿಂದ ಹೊರಗೇ ಬಿಡಲ್ಲ." ಹೇಳಲೇಬೇಕಾಗುತ್ತದೆ ಎಂದೆ. ಅವರು ನನ್ನ ಮುಂಗೈಯನ್ನು ಗಟ್ಟಿಯಾಗಿ ಹಿಡಿದುಕೊಂಡರು. ಉಳಿದವರೆಲ್ಲ ದಾಟಿ ಆಚೆ ನಿಂತ ಮೇಲೆ, "ಹಸಿರಾಯ್ತಾ?" ಎಂದು ಮೆಲ್ಲಗೆ ಕೇಳಿದರು.