ಫೋಮ್ ಮ್ಯಾಟಿನ ಮೇಲೆ ವಿಯೆನ್ನಾ

ನಮ್ಮವರ ವಾಟ್ಸ್ಯಾಪ್ ಗುಂಪಿನಲ್ಲಿ ಈ ಕಥೆಯನ್ನು ಹೇಳುವ ರೀತಿ ಒಂದೇ. ಟೀಚರ ಗಂಡನ ಕೆಲಸ ಹೋಯಿತು, ಅಲ್ಲಿರುವ ಪರವಾನಗಿ ಇಕಾಮಾ ರದ್ದಾಯಿತು, ಸಂಸಾರ ಕುವೈತ್ ಬಿಟ್ಟು ಊರಿಗೆ ಹೋಯಿತು, ಹಾಗಾಗಿ ಪಾಪ, ಟೀಚರ್ ಭರತನಾಟ್ಯ ಬಿಟ್ಟರು. ಕೊನೆಗೆ ಕೈಮುಗಿದ ಇಮೋಜಿ. ಯಾರಾದರೂ ಸಮಾಧಾನಕ್ಕೆಂದು ಇನ್ನೊಂದು ಸಾಲು ಸೇರಿಸುತ್ತಾರೆ: ಆದರೂ ಅವರ ಶಿಷ್ಯೆ ವಿಯೆನ್ನಾದಲ್ಲಿ ಕುಣಿದು ಬಂದಳಲ್ಲ, ಸಾಕು ಬಿಡಿ.

ಆ ಶಿಷ್ಯೆ ನಾನು. ಸಾಕಾಗಲಿಲ್ಲ.

ಶಾಲೆಯಲ್ಲಿ ನನಗೆ ಡಿಬೇಟ್ ಕಲಿಸಿದವರು ಶುರುವಿನಲ್ಲೇ ತಲೆಗೆ ತುಂಬಿದ ಪಾಠ ಒಂದುಂಟು. ಒಂದರ ಹಿಂದೆ ಇನ್ನೊಂದು ಬಂತು ಅಂದ ಮಾತ್ರಕ್ಕೆ ಮೊದಲನೆಯದರಿಂದಲೇ ಎರಡನೆಯದು ಆಯಿತು ಅಂತಲ್ಲ. ಕೆಲಸ ಮೊದಲು ಹೋಯಿತು, ನೃತ್ಯ ಆಮೇಲೆ ಹೋಯಿತು, ಸರಿ. ಆದರೆ ಊರಿಗೆ ಹೋದರೆ ನೃತ್ಯ ಯಾಕೆ ಬಿಡಬೇಕು? ಸುರತ್ಕಲ್ಲಿನಲ್ಲಿ ಟೀಚರ ತಂಗಿಯ ಮನೆಯ ಮಾಳಿಗೆ ಖಾಲಿ ಇತ್ತು. ಅಲ್ಲಿ ಕ್ಲಾಸ್ ತೆರೆಯುವುದೆಂದು ಮಾತಾಗಿತ್ತು, ತಂಗಿ ಅಕ್ಕಪಕ್ಕದ ಮಕ್ಕಳ ಹೆಸರನ್ನೂ ಬರೆದಿಟ್ಟುಕೊಂಡಿದ್ದರು. ಕೆಲಸ ಹೋದ ಗಂಡನೇ "ಇನ್ನು ನಿನ್ನ ದುಡಿಮೆ, ನನ್ನ ನಿದ್ದೆ" ಅಂತ ತಮಾಷೆ ಮಾಡುತ್ತಿದ್ದರು. ಆ ಮಾಳಿಗೆ ಇವತ್ತಿಗೂ ಖಾಲಿಯೇ ಇದೆ. ಯಾಕೆಂದು ಗುಂಪಿನಲ್ಲಿ ಯಾರೂ ಕೇಳುವುದಿಲ್ಲ. ಇಮೋಜಿ ಹಾಕುವುದು ಸುಲಭ.

ನಡೆದದ್ದು ಹೀಗೆ.

ಕುವೈತಿನ ಮಹಬೂಲಾದಲ್ಲಿ ನಮ್ಮ ಕಟ್ಟಡಕ್ಕೂ ಟೀಚರ ಕಟ್ಟಡಕ್ಕೂ ನಡುವೆ ಒಂದು ಮರಳು ತುಂಬಿದ ಪಾರ್ಕಿಂಗ್ ಜಾಗ ಅಷ್ಟೆ. ಅವರ ಫ್ಲ್ಯಾಟಿನ ಹಾಲೇ ಕ್ಲಾಸು. ಕೆಳಗಿನ ಫ್ಲ್ಯಾಟಿನಲ್ಲಿ ನಮ್ಮದೇ ಕಡೆಯ ಒಬ್ಬ ಕೊಂಕಣಿ ನರ್ಸ್ ಇದ್ದರು. ರಾತ್ರಿ ಪಾಳಿ, ಹಗಲು ನಿದ್ದೆ. ಕ್ಲಾಸ್ ಶುರುವಾದ ಹೊಸತರಲ್ಲಿ ಅವರು ಒಮ್ಮೆ ತಟ್ಟೆಯಲ್ಲಿ ಕೇಕ್ ಇಟ್ಟುಕೊಂಡು ಮೇಲೆ ಬಂದಿದ್ದರಂತೆ. ನಿಲ್ಲಿಸಿ ಅಂತ ಹೇಳಲು ಬಂದವರಲ್ಲ, ತಲೆಯ ಮೇಲೆ ಅಕ್ಕಿ ಕುಟ್ಟಿದ ಹಾಗಾಗುತ್ತದೆ, ಏನಾದರೂ ದಾರಿ ಉಂಟಾ ಎಂದು ಕೇಳಲು ಬಂದವರು. ಕಣ್ಣು ಕೆಂಪಗಿತ್ತಂತೆ. ಆ ನಿದ್ದೆಯ ವಿರುದ್ಧ ವಾದ ಮಾಡು ಅಂದರೆ ನನ್ನಿಂದಲೂ ಆಗದು. ಈ ಕಥೆಯಲ್ಲಿ ಬೈಯಲಿಕ್ಕೆ ಒಬ್ಬರಾದರೂ ಸಿಕ್ಕಿದ್ದರೆ ನನಗೆ ಎಷ್ಟೋ ಹಗುರವಾಗುತ್ತಿತ್ತು.

ಟೀಚರ್ ದಾರಿ ಹುಡುಕಿದರು. ಚಿಕ್ಕ ಮಕ್ಕಳು ಆಡುವ ಫೋಮ್ ಮ್ಯಾಟ್, ಒಂದಕ್ಕೊಂದು ಸಿಕ್ಕಿಸುವಂಥದ್ದು, ಪ್ರತಿ ತುಂಡಿನ ಮೇಲೆ ಒಂದು ಇಂಗ್ಲಿಷ್ ಅಕ್ಷರ. ಅದನ್ನು ಹಾಲಿನ ತುಂಬ ಹಾಸಿ, ಅದರಡಿಗೆ ಹಳೆಯ ಕಾರ್ಪೆಟ್ಟನ್ನೂ ಹಾಸಿದರು. ತಾಳ ಹಾಕುವ ಕೋಲು ಮರದ ಮಣೆಯಿಂದ ದಿಂಬಿಗೆ ವರ್ಗವಾಯಿತು. ಗೆಜ್ಜೆ ಕಪಾಟು ಸೇರಿತು. "ಕ್ಯೂ ಮೇಲೆ ನಿಲ್ಲು, ಜೆಡ್ ಕಡೆಗೆ ತಿರುಗು" ಎಂದು ಅಡವು ಹೇಳಿಕೊಡುತ್ತಿದ್ದರು. ಅರೆಮಂಡಿ ಕೂತು ಪಾದ ಎತ್ತಿ ನೆಲಕ್ಕೆ ತಟ್ಟುವ ಮೊದಲ ಪಾಠಕ್ಕೇ ಅವರ ಬಾಯಲ್ಲಿ ಒಂದು ಬಾಲ ಹುಟ್ಟಿಕೊಂಡಿತ್ತು: "ತೈಯಾ ತೈ, ಮೆಲ್ಲ, ಕೆಳಗೆ ಆಂಟಿ ಮಲಗಿದ್ದಾರೆ." ಒಬ್ಬಳು ಪುಟ್ಟಿ ಮನೆಯಲ್ಲಿ ಅಜ್ಜಿಯ ಎದುರು ಕುಣಿದು ತೋರಿಸುವಾಗ ಅಷ್ಟನ್ನೂ ತಾಳಕ್ಕೆ ಸರಿಯಾಗಿ ಹಾಡಿದಳು, ಆಂಟಿ ಸಮೇತ. ನಾವೆಲ್ಲ ನಕ್ಕಿದ್ದೇ ನಕ್ಕಿದ್ದು. ಟೀಚರೂ ನಕ್ಕಿದ್ದರು.

ಹಾಗಾದರೆ ಹೀಗೆ ಕಲಿತ ಹೆಜ್ಜೆ ಹೇಗೆ ಕೇಳುತ್ತದೆ ಎಂದು ವರ್ಷಗಟ್ಟಲೆ ಯಾರಿಗೂ ಗೊತ್ತೇ ಆಗಲಿಲ್ಲವಾ ಎಂದು ನೀವು ಕೇಳಬಹುದು. ಹೇಗೆ ಗೊತ್ತಾಗಬೇಕು? ನಮ್ಮವರ ಸಂಘದ ಕಾರ್ಯಕ್ರಮವೆಂದರೆ ವೇದಿಕೆಗೆ ಕೆಂಪು ಕಾರ್ಪೆಟ್, ಎರಡು ಬದಿಯಲ್ಲಿ ಆಳೆತ್ತರದ ಸ್ಪೀಕರು, ರೆಕಾರ್ಡ್ ಮಾಡಿದ ಹಾಡು. ಗೆಜ್ಜೆ ಆ ದಿನ ಕಪಾಟಿನಿಂದ ಹೊರಬಂದು ಉಳಿದ ಸದ್ದನ್ನೂ ಮುಚ್ಚುತ್ತಿತ್ತು. ಎದುರಿಗೆ ಬಿರಿಯಾನಿಯ ಯೋಚನೆಯಲ್ಲಿರುವ ಜನ. ಕೈ ಚೆಂದ, ಕಣ್ಣು ಚೆಂದ, ಸೀರೆ ಚೆಂದ. ಪಾದದ ಸದ್ದನ್ನು ಕೇಳಿದವರು ಯಾರೂ ಇಲ್ಲ.

ಇನ್ನು ಪುಸ್ತಕಗಳು. ಟೀಚರ ಗಂಡ ಕುವೈತ್ ನಗರದ ಶರ್ಕ್‌ನಲ್ಲಿ ಒಂದು ಹೋಟೆಲಿನ ಹೌಸ್‌ಕೀಪಿಂಗ್‌ನಲ್ಲಿ ಸೂಪರ್‌ವೈಸರ್ ಆಗಿದ್ದರು. ಅತಿಥಿಗಳು ಕೋಣೆಯಲ್ಲಿ ಮರೆತುಹೋದ ಸಾಮಾನನ್ನು ಹೋಟೆಲ್ ಕೆಲವು ತಿಂಗಳು ಕಾದಿಡುತ್ತಿತ್ತು, ಯಾರೂ ಕೇಳದಿದ್ದರೆ ಕೆಲಸದವರು ಒಯ್ಯಬಹುದು. ಉಳಿದವರು ಚಾರ್ಜರ್, ಸೆಂಟು, ಕೊಡೆ ಆರಿಸಿದರೆ ಇವರು ಪುಸ್ತಕ ನೋಡುತ್ತಿದ್ದರು, ಒಳಗೆ ಕುಣಿಯುವವರ ಚಿತ್ರ ಇದೆಯಾ ಅಂತ. ಹಾಗೆ ಬಂದದ್ದು ವಿಯೆನ್ನಾದ ನೃತ್ಯಚರಿತ್ರೆಯ ಒಂದು ದಪ್ಪ ಪುಸ್ತಕ, ಮತ್ತು ಅದೇ ನಗರವನ್ನು ಕಾಲ್ನಡಿಗೆಯಲ್ಲಿ ನೋಡುವವರಿಗೆಂದು ಬರೆದ ಒಂದು ಸಣ್ಣ ಕೈಪಿಡಿ. ಯಾರೋ ಕುವೈತಿಗೆ ಬಂದು ವಿಯೆನ್ನಾವನ್ನು ಮರೆತುಹೋಗಿದ್ದರು. ವಾರಸುದಾರರು ಬರಲಿಲ್ಲ.

ಟೀಚರ ಇಂಗ್ಲಿಷ್ ನಿಧಾನ, ನನ್ನ ಕನ್ನಡ ಅದಕ್ಕಿಂತ ನಿಧಾನ. ಕ್ಲಾಸ್ ಮುಗಿದ ಮೇಲೆ ನಾನು ಒಂದು ಪುಟ ಓದಬೇಕು, ಅವರು ಅದನ್ನು ಕನ್ನಡದಲ್ಲಿ ಉಳಿದ ಮಕ್ಕಳಿಗೆ ಹೇಳಬೇಕು, ಹೀಗೊಂದು ಪದ್ಧತಿ ಬೆಳೆಯಿತು. ನಾನು ಕನ್ನಡ ಓದಲು ಕಲಿತದ್ದೇ ಆ ಪುಟಗಳ ಅಂಚಿನಲ್ಲಿ ಅವರು ಪೆನ್ಸಿಲಿನಲ್ಲಿ ಬರೆದ ಅರ್ಥಗಳಿಂದ. ಒಂದೊಂದು ದಿನ ಒಂದೊಂದು ನಡಿಗೆ. ಇವತ್ತು ಒಪೆರಾದ ಹತ್ತಿರ ಟ್ರಾಮ್ ಇಳಿಯುತ್ತೇವೆ, ಎಡಕ್ಕೆ ತಿರುಗುತ್ತೇವೆ, ಈ ಓಣಿಯಲ್ಲಿ ಹಿಂದೊಂದು ಕಾಲದಲ್ಲಿ ವಾಲ್ಟ್ಸ್ ಕಲಿಸುವ ಶಾಲೆಗಳಿದ್ದವು. ಹೊರಗೆ ಧೂಳಿನ ಬಿರುಗಾಳಿ, ಕಿಟಕಿಯ ಸಂದಿಗೆ ಒದ್ದೆ ಟವೆಲ್, ಒಳಗೆ ನಾವು ಫೋಮಿನ ಮೇಲೆ ಚಕ್ಕಳಮಕ್ಕಳ ಕೂತು ವಿಯೆನ್ನಾ ಸುತ್ತುವುದು. ಅಲ್ಲಿ ಎಸಿ ಉಂಟಾ ಎಂದು ಒಬ್ಬಳು ಇಂಗ್ಲಿಷಿನಲ್ಲಿ ಕೇಳಿದಳು. ಬೇಕಾಗುವುದಿಲ್ಲ ಎಂದಾಗ ನಂಬಲೇ ಇಲ್ಲ.

ನಾನು ಆಗಲೇ ವಾದಕ್ಕೆ ನಿಲ್ಲುವ ಜಾತಿ. ಭರತನಾಟ್ಯಕ್ಕೂ ಬಿಳಿಯರ ವಾಲ್ಟ್ಸ್‌ಗೂ ಏನು ಸಂಬಂಧ, ನಾವು ನಮ್ಮ ಚರಿತ್ರೆಯನ್ನೇ ಸರಿಯಾಗಿ ಓದಿಲ್ಲವಲ್ಲ ಎಂದು ಕೇಳಿದೆ. ಟೀಚರ್ ದಪ್ಪ ಪುಸ್ತಕದ ನಡುವೆ ಬೆರಳಿಟ್ಟು ಒಂದು ಅಧ್ಯಾಯ ತೆಗೆದರು.

"ನೋಡು ವಕೀಲಮ್ಮಾ, ನಮ್ಮ ಪುಸ್ತಕಗಳಲ್ಲಿ ಕೈ ಉಂಟು, ಕಣ್ಣುಂಟು, ರಸ ಉಂಟು. ಇವರು ನೆಲದ ಬಗ್ಗೆ ಒಂದು ಇಡೀ ಅಧ್ಯಾಯ ಬರೆದಿದ್ದಾರೆ ಮಾರಾಯ್ತಿ."

ನಿಜವಾಗಿಯೂ ಇತ್ತು. ಯಾವ ನರ್ತನಶಾಲೆಗೆ ಯಾವ ಮರ, ಹಲಗೆಯ ಕೆಳಗೆ ಎಷ್ಟು ಪೊಳ್ಳು ಬಿಟ್ಟರೆ ಹೆಜ್ಜೆ ಮೊಳಗುತ್ತದೆ, ಮೇಣ ಯಾವಾಗ ಹಚ್ಚಬೇಕು. ಅದರಲ್ಲೊಂದು ಸಣ್ಣ ಸಭಾಂಗಣದ ವರ್ಣನೆ ಟೀಚರಿಗೆ ಬಾಯಿಪಾಠ. ವಾದ್ಯದವರು ನಿಲ್ಲಿಸಿದ ಮೇಲೂ ಅಲ್ಲಿ ನೃತ್ಯ ಕಿವಿಗೆ ಕೇಳುತ್ತಿತ್ತು ಎಂಬರ್ಥದ ಒಂದು ಮಾತು ಆ ಪುಟದಲ್ಲಿತ್ತು. ಅದರ ಪಕ್ಕದಲ್ಲಿ ಪೆನ್ಸಿಲಿನಿಂದ ಏನೂ ಬರೆದಿರಲಿಲ್ಲ, ಬರೇ ಒಂದು ಗೆರೆ. ಮುಂದಿನ ಬೇಸಿಗೆಗೆ ಹೋಗುವುದು ಎಂದು ಪ್ರತಿ ಬೇಸಿಗೆ ಹೇಳುತ್ತಿದ್ದರು. ಹೋಗಿ ಏನು ಮಾಡುತ್ತೀರಿ ಅಂದರೆ, ಒಮ್ಮೆ ಬರಿಗಾಲಲ್ಲಿ ತಟ್ಟುತ್ತೇನೆ, ಅಷ್ಟೆ, ಆಮೇಲೆ ಅವರು ಬೇಕಾದರೆ ಹೊರಗೆ ಹಾಕಲಿ ಎನ್ನುತ್ತಿದ್ದರು.

ಆಮೇಲೆ ಹೋಟೆಲ್ ನವೀಕರಣಕ್ಕೆಂದು ಮುಚ್ಚಿತು, ಕೆಲಸದವರಿಗೆ ಖಲಾಸ್. ಇಕಾಮಾ ಇನ್ನು ಕೆಲವೇ ವಾರ ಅನ್ನುವವರಿಗೆ ಯುರೋಪಿನ ವೀಸಾ ಯಾರು ಕೊಡುತ್ತಾರೆ? ಅದೇ ಹೊತ್ತಿಗೆ, ಇಲ್ಲೇ ಕುವೈತಿನ ಕಾಲೇಜಿನಲ್ಲಿದ್ದ ನನಗೆ ಡಿಬೇಟ್ ಪಂದ್ಯವೊಂದಕ್ಕೆ ವಿಯೆನ್ನಾಕ್ಕೆ ಹೋಗುವ ಅವಕಾಶ ಬಂತು. ವಿಷಯ ತಿಳಿಸುವಾಗ ನನಗೇ ಮುಜುಗರ. ಟೀಚರ್ ಮಾತ್ರ ಎದ್ದು ಹೋಗಿ ಎರಡೂ ಪುಸ್ತಕ ತಂದು ನನ್ನ ಮಡಿಲಲ್ಲಿಟ್ಟರು. ಆ ಸಭಾಂಗಣ ಈಗಲೂ ಇದ್ದರೆ ನೀನು ಹೋಗಬೇಕು, ಬರಿಗಾಲಲ್ಲಿ ನಿಲ್ಲಬೇಕು, ಮೊದಲ ಪಾಠದ ತಟ್ಟಡವು ಮಾಡಬೇಕು, ಮೊಬೈಲಿನಲ್ಲಿ ಸದ್ದು ಹಿಡಿದು ಕಳಿಸಬೇಕು ಎಂದರು. ಹಾಡು ಬೇಡ, ಗೆಜ್ಜೆ ಬೇಡ, ಬಾಯಲ್ಲಿ ತಾಳವೂ ಬೇಡ. ಅದನ್ನು ಕೇಳಿ ತಾವು ಊರಿನ ಕ್ಲಾಸಿನ ಬಗ್ಗೆ ಒಂದು ನಿರ್ಧಾರ ಮಾಡಬೇಕು ಎಂದರು. ಸದ್ದು ಕೇಳಿ ಮಾಡುವ ನಿರ್ಧಾರ ಯಾವುದಪ್ಪ ಎಂದು ನನಗೆ ಅನಿಸಿತ್ತು. ನನ್ನ ತಲೆಯ ತುಂಬ ಪಂದ್ಯ. ಕೇಳಲಿಲ್ಲ.

ವಿಯೆನ್ನಾದಲ್ಲಿ ನಾವು ಬೇಗನೆ ಸೋತೆವು, ಹಾಗಾಗಿ ನನಗೆ ಬೇಕಾದಷ್ಟು ಸಮಯ ಸಿಕ್ಕಿತು. ಕೈಪಿಡಿ ಎಷ್ಟು ಹಳೆಯದೆಂದು ಗೊತ್ತಾದದ್ದು ಅಲ್ಲಿ. ಅದು ಹೇಳಿದ ಕಾಫಿ ಅಂಗಡಿಯಲ್ಲಿ ಮೊಬೈಲ್ ಕವರ್ ಮಾರುತ್ತಿದ್ದರು. ವಾಲ್ಟ್ಸ್ ಶಾಲೆಗಳ ಓಣಿಯಲ್ಲಿ ಸೂಟ್‌ಕೇಸಿನ ಚಕ್ರಗಳ ಸದ್ದು ಬಿಟ್ಟರೆ ಬೇರೆ ಇಲ್ಲ. ಮಹಬೂಲಾದಲ್ಲಿ ನಾವು ಸುತ್ತಿದ ವಿಯೆನ್ನಾವೇ ಹೆಚ್ಚು ಗಟ್ಟಿಯಾಗಿತ್ತು. ಸಭಾಂಗಣ ಮಾತ್ರ ಇತ್ತು. ನೋಡಿಕೊಳ್ಳುವ ಹೆಂಗಸೊಬ್ಬರು ಬೀಗದ ಕೈಗಳ ದೊಡ್ಡ ಗೊಂಚಲು ಹಿಡಿದು ಬಂದು ಬಾಗಿಲು ತೆಗೆದರು. ಟೀಚರ ಕಥೆ ಹೇಳಿದೆ. ಪುಸ್ತಕದ ಪುಟ ತೋರಿಸಿದೆ. ಅವರಿಗೆ ಖುಷಿಯಾಯಿತು, ಶೂ ತೆಗೆ ಎಂದು ಅವರೇ ಸನ್ನೆ ಮಾಡಿ ದೂರದ ಕುರ್ಚಿಯಲ್ಲಿ ಹೋಗಿ ಕೂತರು.

ಮೊಬೈಲನ್ನು ನನ್ನ ಪಾದದ ಹತ್ತಿರವೇ ಇಟ್ಟೆ. ಅರೆಮಂಡಿ ಕೂತೆ. ಬಲಗಾಲು ಎತ್ತಿದೆ, ತಟ್ಟಿದೆ. ಎಡಗಾಲು ತಟ್ಟಿದೆ.

ಏನೂ ಇಲ್ಲ. ಏನೂ ಇಲ್ಲ ಅಂದರೆ ಒದ್ದೆ ಬಟ್ಟೆ ಬಿದ್ದಷ್ಟು. ವೇಗ ಹೆಚ್ಚಿಸಿದೆ, ಎರಡನೇ ಕಾಲಕ್ಕೆ ಹೋದೆ, ತಾಳ ತಪ್ಪಲಿಲ್ಲ, ಮಂಡಿ ಏಳಲಿಲ್ಲ, ಎಲ್ಲ ಸರಿ. ಸದ್ದು ಮಾತ್ರ ಇಲ್ಲ. ಪಾದ ನೆಲ ಮುಟ್ಟುವ ಮೊದಲೇ ಹಿಮ್ಮಡಿ ಎಲ್ಲೋ ಬ್ರೇಕ್ ಹಾಕುತ್ತಿತ್ತು. ನಾನು ಹಾಕುತ್ತಿರಲಿಲ್ಲ, ಅದೇ ಹಾಕುತ್ತಿತ್ತು. ಆ ಹೆಂಗಸು ಕುರ್ಚಿಯಿಂದಲೇ ಏನೋ ಹೇಳಿದರು, ಆಮೇಲೆ ಇಂಗ್ಲಿಷಿನಲ್ಲಿ ಇನ್ನೊಮ್ಮೆ. ನೆಲಕ್ಕೆ ಹೆದರಬೇಡ, ಅದು ಗಟ್ಟಿ ಇದೆ, ಧೈರ್ಯವಾಗಿ ತಟ್ಟು ಎಂದು. ಪಾಪ, ನಾನು ಮರ್ಯಾದೆಗೆ ಮೆಲ್ಲಗೆ ಕುಣಿಯುತ್ತಿದ್ದೇನೆ ಅಂದುಕೊಂಡಿದ್ದರು. ಜೋರಾಗಿ ಗುದ್ದಿ ನೋಡಿದೆ. ಬಾಗಿಲಿಗೆ ಒದ್ದ ಹಾಗೆ ಒಂದು ದಢ್ ಬಂತು, ಕಣ್ಣಲ್ಲಿ ನೀರೂ ಬಂತು, ಮುಂದಿನ ಹೆಜ್ಜೆ ಮತ್ತೆ ಹತ್ತಿಯ ಹಾಗೆ ಮೆತ್ತಗೆ. ಕೆಳಗೆ ಯಾರೂ ಮಲಗಿರಲಿಲ್ಲ. ನನ್ನ ಕಾಲಿಗೆ ಅದು ಗೊತ್ತಿರಲಿಲ್ಲ.

ಹೆಂಗಸು ನನ್ನದೊಂದು ಫೋಟೊ ತೆಗೆದರು. ಗುಂಪಿನಲ್ಲಿ ಓಡಾಡಿದ್ದು ಅದು. ಫೋಟೊದಲ್ಲಿ ಸದ್ದಿರುವುದಿಲ್ಲವಲ್ಲ. ರೆಕಾರ್ಡಿಂಗನ್ನು ಇದ್ದ ಹಾಗೇ ಟೀಚರಿಗೆ ಕಳಿಸಿದೆ. ವಾಟ್ಸ್ಯಾಪಿನ ನೀಲಿ ಟಿಕ್ ಬಿತ್ತು, ಉತ್ತರ ಬರಲಿಲ್ಲ.

ವಾಪಸ್ ಬಂದಾಗ ಟೀಚರ ಮನೆ ಅರ್ಧ ಖಾಲಿ. ಗಂಡ ಕಾರ್ಟನ್‌ಗಳಿಗೆ ಟೇಪ್ ಸುತ್ತುತ್ತಿದ್ದರು. "ಬಂದಳು ನೋಡು ವಿಯೆನ್ನಾದ ರಾಣಿ. ನಮ್ಮ ಹೆಂಡತಿ ನಿನ್ನ ರೆಕಾರ್ಡ್ ಕೇಳಿ ಕೇಳಿ ನನ್ನ ಹೆಡ್‌ಫೋನ್ ಹಾಳು ಮಾಡಿದಳು" ಎಂದರು. ಟೀಚರ್ ನಗಲಿಲ್ಲ. ಮೊಬೈಲಿನ ಮೈಕು ಸರಿ ಇಲ್ಲವೇನೋ ಎಂದರು, ನನ್ನ ಮುಖ ನೋಡದೆ.

ಹೌದಿರಬೇಕು ಟೀಚರ್ ಎಂದು ಇನ್ನೊಬ್ಬಳಾದರೆ ಹೇಳುತ್ತಿದ್ದಳು. ನಾನು ಹೇಳಿದ್ದು, ಆ ಹೆಂಗಸಿನ ಬೀಗದ ಕೈ ಗಲಗಲ ಅಂದದ್ದು ಅದರಲ್ಲಿ ಸ್ಪಷ್ಟವಾಗಿ ಕೇಳುತ್ತದೆ, ಅವರು ಹಾಲಿನ ಆ ತುದಿಯಲ್ಲಿದ್ದರು ಅಂತ.

"ಗೊತ್ತು," ಎಂದರು ಟೀಚರ್. "ಬೀಗದ ಕೈ ಕೇಳಿತು."

ಟೀಚರ್ ಮೊಣಕಾಲೂರಿ ಫೋಮ್ ಮ್ಯಾಟಿನ ತುಂಡುಗಳನ್ನು ಒಂದೊಂದಾಗಿ ಬಿಡಿಸತೊಡಗಿದರು. ನಾನೂ ಕೂತೆ. ಅದು ಕೆಳಗಿನ ನರ್ಸಿಗೆ ಎಂದರು. ಅವರಿಗೀಗ ತೆವಳುವ ಮಗು. ಅಕ್ಷರಗಳನ್ನು ಒಟ್ಟು ಮಾಡಿ ಕಟ್ಟಿದೆವು, ಕಾರ್ಪೆಟ್ ಸುತ್ತಿ ಗೋಡೆಗೆ ಒರಗಿಸಿದೆವು. ಅಡಿಯಲ್ಲಿದ್ದದ್ದು ಬಿಳಿ ಟೈಲ್ಸ್. ಇಷ್ಟು ವರ್ಷ ಅಲ್ಲಿ ಕುಣಿದ ನಾನು ಆ ನೆಲದ ಬಣ್ಣವನ್ನು ನೋಡಿದ್ದು ಅವತ್ತೇ.

ನರ್ಸ್ ಮಗುವನ್ನು ಸೊಂಟದ ಮೇಲೆ ಕೂರಿಸಿಕೊಂಡು ಮೇಲೆ ಬಂದರು. ಮ್ಯಾಟ್ ಕಟ್ಟು ನೋಡಿ ಅವರ ಕಣ್ಣು ತುಂಬಿತು. ಇವತ್ತು ನನಗೆ ರಜೆ ಟೀಚರ್, ನಿದ್ದೆ ಇಲ್ಲ, ಹೋಗುವ ಮೊದಲು ಒಮ್ಮೆ ಮನಸ್ಸು ಬಂದ ಹಾಗೆ ಕುಣಿದುಬಿಡಿ, ನಾನೂ ನೋಡುತ್ತೇನೆ ಎಂದು ಒತ್ತಾಯ ಮಾಡಿದರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು.

ಟೀಚರ್ ಹಾಲಿನ ನಡುವೆ ಬರಿಗಾಲಲ್ಲಿ ನಿಂತರು. ಸೆರಗು ಸಿಕ್ಕಿಸಿದರು. ಅರೆಮಂಡಿಗೆ ಇಳಿದರು, ಈಗಲೂ ಅಳತೆ ಹಿಡಿದಷ್ಟು ಚೆಂದ. ಬಲಗಾಲು ಎತ್ತಿದರು. ಆ ಕಾಲು ಅಲ್ಲೇ ನಿಂತಿತು. ಆಮೇಲೆ ಅದನ್ನು ತುಂಬಾ ಮೆಲ್ಲಗೆ, ಮಲಗಿದ ಮಗುವನ್ನು ತೊಟ್ಟಿಲಿಗೆ ಹಾಕುವ ಹಾಗೆ, ಕೆಳಗಿಟ್ಟರು. ಸೆರಗು ಬಿಡಿಸಿಕೊಂಡು ಬಾಗಿಲ ಬಳಿ ಹೋಗಿ ಚಪ್ಪಲಿ ಮೆಟ್ಟಿದರು.

ಎರಡೂ ಪುಸ್ತಕ ನನ್ನ ಬ್ಯಾಗಿನಲ್ಲೇ ಇದ್ದವು. ಕೊಡಲು ಹೋದೆ. ನಿನಗೇ ಇರಲಿ ಎಂದರು. ನನ್ನ ರೆಕಾರ್ಡಿಂಗ್ ಕೇಳಿದ ಮೇಲೆ ತಂಗಿಗೆ ಫೋನ್ ಮಾಡಿ ಮಾಳಿಗೆ ಬಾಡಿಗೆಗೆ ಕೊಡುವುದಾದರೆ ಕೊಡಲಿ ಎಂದು ಹೇಳಿಯಾಗಿದೆಯಂತೆ. ಅಷ್ಟು ಹೇಳಿ ಕಾರ್ಟನ್ನಿನ ಮೇಲೆ ಊರಿನ ವಿಳಾಸ ಬರೆಯಲು ಕೂತರು.

ನಾನು ಅವರ ಪಕ್ಕದಲ್ಲೇ ನಿಂತಿದ್ದೆ. ಎದುರು ಪಕ್ಷದ ಮಾತನ್ನು ನಡುವೆ ಕತ್ತರಿಸುವುದು ನನಗೆ ಗೊತ್ತು, ಮಾತೇ ಆಡದವರ ಎದುರು ಏನು ಮಾಡಬೇಕೆಂದು ಯಾರೂ ಕಲಿಸಿರಲಿಲ್ಲ. ಆದರೂ ಕೇಳಿದೆ.

"ಟೀಚರ್, ನೀವು ನನ್ನನ್ನು ಅಲ್ಲಿಗೆ ಕಳಿಸಿದ್ದು ಆ ನೆಲದ ಸದ್ದು ಹೇಗೆ ಕೇಳುತ್ತದೆ ಅಂತ ತಿಳಿಯಲಿಕ್ಕಾ, ಅಥವಾ ನನ್ನ ಕಾಲಿನ ಸದ್ದು ಕೇಳುವುದೇ ಇಲ್ಲ ಅಂತ ನಿಮಗೆ ಮೊದಲೇ ಗೊತ್ತಿತ್ತಾ?"